ಬಿ. ಸರೋಜಾದೇವಿ ನಮ್ಮವರೋ, ಅವರವರೋ?



ಕಳೆದ ಕಾರ್ಯಕಾರಿ ಸಮಿತಿ ಸಭೆಯಲ್ಲಿ ಒಂದು ಸಣ್ಣ ವಾಗ್ವಾದ ನಡೆಯಿತು. ಬರುವ ತಿಂಗಳ ಕೂಟದಲ್ಲಿ ಒಂದು ಹಳೆಯ ಚಿತ್ರ ತೋರಿಸೋಣ, ಅದು ಬಿ. ಸರೋಜಾದೇವಿಯವರದಾಗಲಿ ಎಂದು ನಾವು ಸೂಚಿಸಿದ್ದೆವು. ಹಿರಿಯ ಸದಸ್ಯರೊಬ್ಬರು ಕೂಡಲೇ, "ಅವರು ಎಂ.ಜಿ.ಆರ್. ಜೋಡಿ ಅಲ್ವೇನ್ರೀ? ಕನ್ನಡ ಸಂಘದಲ್ಲಿ ತಮಿಳು ಹೀರೋಯಿನ್ ಯಾಕೆ?" ಎಂದರು. ತಂದೆಯ ಜೊತೆ ಬಂದು ಮೂಲೆಯಲ್ಲಿ ಕೂತಿದ್ದ ಕಾಲೇಜು ಹುಡುಗಿಯೊಬ್ಬಳು, "ಅವರು ಕನ್ನಡದವರಾ ತಾತ?" ಎಂದು ಬೆರಗಿನಿಂದ ಕೇಳಿದಳು.

ಒಬ್ಬರಿಗೆ ಅವರು ತಮಿಳಿನವರೆಂಬುದು ಖಚಿತ. ಇನ್ನೊಬ್ಬಳಿಗೆ ಅವರು ಕನ್ನಡದವರೆಂಬುದೇ ಗೊತ್ತಿಲ್ಲ. ಇಬ್ಬರೂ ನಮ್ಮ ಊರಿನವರೇ. ಸಭೆಯ ನಡಾವಳಿಯಲ್ಲಿ "ಚರ್ಚಿಸಲಾಯಿತು" ಎಂದು ಒಂದು ಸಾಲು ಬರೆದು ಮುಗಿಸಬಹುದಿತ್ತು. ಮೂವತ್ತು ವರ್ಷಕ್ಕೂ ಮೇಲ್ಪಟ್ಟು ಗುಮಾಸ್ತಿಕೆ ಮಾಡಿದ ನಮಗೆ ಅದು ಸುಲಭದ ಕೆಲಸ. ಆದರೆ ಈ ಪ್ರಶ್ನೆ ಸರೋಜಾದೇವಿಯವರೊಬ್ಬರದಲ್ಲ. ತಾಳವಾಡಿ, ಹೊಸೂರು, ಕಾಸರಗೋಡು, ಎಲ್ಲ ಗಡಿ ಊರುಗಳ ಕನ್ನಡಿಗರನ್ನೂ ಜನ ಕೇಳುವ ಪ್ರಶ್ನೆ ಇದೇ: ನೀವು ಈ ಕಡೆಯವರೋ, ಆ ಕಡೆಯವರೋ? ಆದ್ದರಿಂದ ಈ ಸಲದ ಪತ್ರಿಕೆಯಲ್ಲಿ ಸ್ವಲ್ಪ ವಿವರವಾಗಿಯೇ ಬರೆಯುತ್ತಿದ್ದೇವೆ.

ಬೆಂಗಳೂರಿನ ಪೊಲೀಸರ ಮಗಳು

ಸರೋಜಾದೇವಿಯವರು ಹುಟ್ಟಿದ್ದು 1938ರ ಜನವರಿ 7ರಂದು, ಬೆಂಗಳೂರಿನಲ್ಲಿ. ತಂದೆ ಭೈರಪ್ಪನವರು ಪೊಲೀಸ್ ಇಲಾಖೆಯಲ್ಲಿದ್ದರು, ತಾಯಿ ರುದ್ರಮ್ಮ. ಕುಟುಂಬದ ಮೂಲ ಚನ್ನಪಟ್ಟಣ ತಾಲ್ಲೂಕಿನ ದಶವಾರ ಗ್ರಾಮ. ಇವರು ನಾಲ್ಕನೆಯ ಮಗಳು. ಅಂದಿನ ದಿನಗಳಲ್ಲಿ ಒಳ್ಳೆಯ ಮನೆತನದ ಹೆಣ್ಣುಮಕ್ಕಳು ಸಿನಿಮಾಕ್ಕೆ ಹೋಗುವುದೆಂದರೆ ನೆಂಟರಿಷ್ಟರು ಮೂಗು ಮುರಿಯುತ್ತಿದ್ದ ಕಾಲ. ಆದರೂ ತಂದೆಯೇ ಮಗಳಿಗೆ ನೃತ್ಯ ಕಲಿಯಲು ಹೇಳಿ ಪ್ರೋತ್ಸಾಹ ಕೊಟ್ಟರು. ತಾಯಿ ಮಾತ್ರ ಉಡುಪಿನ ವಿಷಯದಲ್ಲಿ ಗೆರೆ ಹಾಕಿದ್ದರು. ತೋಳಿಲ್ಲದ ರವಿಕೆ ಕೂಡದು, ಈಜುಡುಗೆ ಕೂಡದು. ಆ ಗೆರೆಯನ್ನು ಮಗಳು ಕಡೆಯವರೆಗೆ ದಾಟಲಿಲ್ಲ.

ಮೊದಲ ಚಿತ್ರ 1955ರ 'ಮಹಾಕವಿ ಕಾಳಿದಾಸ'. ಹೊನ್ನಪ್ಪ ಭಾಗವತರ್ ನಾಯಕರು, ಕು.ರಾ. ಸೀತಾರಾಮಶಾಸ್ತ್ರಿಗಳ ನಿರ್ದೇಶನ. ಆಗ ಹುಡುಗಿಗೆ 17 ವರ್ಷ. ಆ ಚಿತ್ರಕ್ಕೆ ಕನ್ನಡದ ಉತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿಯ ಗೌರವವೂ ಬಂತು. ಅಂದರೆ ಅವರ ಮೊದಲ ಹೆಜ್ಜೆ ಕನ್ನಡದಲ್ಲೇ, ಅದೂ ಹೆಸರು ಬಂದ ಚಿತ್ರದಲ್ಲೇ. ನಮ್ಮ ಹಿರಿಯ ಸದಸ್ಯರ ಆಕ್ಷೇಪಣೆಗೆ ಮೊದಲ ಉತ್ತರ ಇದು.

ಎಲ್ಲರೂ ಮದ್ರಾಸಿಗೆ ಹೋದದ್ದೇಕೆ?

ಈಗಿನವರಿಗೆ ಒಂದು ವಿಷಯ ವಿವರಿಸಿ ಹೇಳಬೇಕು. ಅಂದು ಕನ್ನಡ ಚಿತ್ರವೆಂದರೂ ಬಹುಪಾಲು ತಯಾರಾಗುತ್ತಿದ್ದದ್ದು ಮದ್ರಾಸಿನಲ್ಲೇ. ಎ.ವಿ.ಎಂ., ವಾಹಿನಿ, ಬಿ.ಎಸ್. ರಂಗಾ ಅವರ ವಿಕ್ರಂ, ದೊಡ್ಡ ಸ್ಟುಡಿಯೋಗಳೆಲ್ಲ ಅಲ್ಲಿ. ಕ್ಯಾಮೆರಾ, ಸೆಟ್ಟು, ಧ್ವನಿಮುದ್ರಣ, ಫಿಲಂ ತೊಳೆಯುವ ಲ್ಯಾಬು ಎಲ್ಲವೂ ಅಲ್ಲಿಯೇ. ನಮ್ಮ ಗಾಜನೂರಿನ ಮುತ್ತುರಾಜು ರಾಜಕುಮಾರ್ ಆಗಿ ನಾಯಕನ ಪಾತ್ರಕ್ಕೆ ಬಂದ 1954ರ 'ಬೇಡರ ಕಣ್ಣಪ್ಪ' ಕೂಡ ಆ ಊರಿನ ನಂಟಿಲ್ಲದೆ ಆಗಲಿಲ್ಲ.

ಅದೇ 'ಬೇಡರ ಕಣ್ಣಪ್ಪ'ದ ನಾಯಕಿ ಪಂಢರಿಬಾಯಿಯವರು ಭಟ್ಕಳದವರು. ಅದಕ್ಕೆ ಎರಡು ವರ್ಷ ಮೊದಲು, 1952ರಲ್ಲಿ, ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ 'ಪರಾಶಕ್ತಿ'ಗೂ ಅವರೇ ನಾಯಕಿ. ತಮಿಳಿನ ಮಹಾನಟನ ಮೊದಲ ಚಿತ್ರಕ್ಕೂ ಕನ್ನಡದ ಮಹಾನಟನ ಮೊದಲ ನಾಯಕಪಾತ್ರಕ್ಕೂ ಎದುರು ನಿಂತವರು ಒಬ್ಬರೇ ಕನ್ನಡತಿ. ಅಂದರೆ ಸರೋಜಾದೇವಿಯವರು ಹೋದ ದಾರಿ ಆಗಲೇ ಸವೆದಿತ್ತು.

ಹಣದ ಲೆಕ್ಕವೂ ಇತ್ತು. ಕನ್ನಡ ಚಿತ್ರಗಳು ವರ್ಷಕ್ಕೆ ಕೆಲವೇ ತೆರೆಕಾಣುತ್ತಿದ್ದವು. ಅವುಗಳ ಮಾರುಕಟ್ಟೆ ಚಿಕ್ಕದು. ತಮಿಳು, ತೆಲುಗು ಚಿತ್ರಗಳ ಮಾರುಕಟ್ಟೆ ದೊಡ್ಡದು. ಆದ್ದರಿಂದ ನಿರ್ಮಾಪಕರು ಒಂದೇ ಕಥೆಯನ್ನು ಒಂದೇ ಸೆಟ್ಟಿನಲ್ಲಿ ಎರಡು ಭಾಷೆಯಲ್ಲಿ ತೆಗೆಯುತ್ತಿದ್ದರು. ಬಿ.ಆರ್. ಪಂತುಲು ಅವರು 1957ರಲ್ಲಿ ಕನ್ನಡದಲ್ಲಿ 'ರತ್ನಗಿರಿ ರಹಸ್ಯ', ತಮಿಳಿನಲ್ಲಿ 'ತಂಗಮಲೈ ರಹಸಿಯಂ' ಮಾಡಿದ್ದು ಹೀಗೆಯೇ. ಆ ತಮಿಳು ಚಿತ್ರದ ಒಂದು ನೃತ್ಯದಲ್ಲಿ ಸರೋಜಾದೇವಿಯವರು ಕಾಣಿಸಿಕೊಂಡರು. ಎರಡು ಭಾಷೆ ಬಲ್ಲ ನಟಿಯಾದರೆ ನಿರ್ಮಾಪಕರಿಗೂ ಅನುಕೂಲ, ನಟಿಗೂ ಕೈತುಂಬ ಕೆಲಸ.

ಇನ್ನೊಂದು ಸಂಗತಿಯನ್ನೂ ಇಲ್ಲಿ ನೆನೆಯಬೇಕು. ಅವರ ಮೊದಲ ಚಿತ್ರ ಬಂದ ಮರುವರ್ಷ, 1956ರಲ್ಲಿ, ರಾಜ್ಯಗಳ ಪುನರ್ವಿಂಗಡಣೆಯಾಯಿತು. ಅಲ್ಲಿಯವರೆಗೆ ಕೊಯಮತ್ತೂರು ಜಿಲ್ಲೆಯಲ್ಲಿದ್ದ ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಸೇರಿತು. ನಮ್ಮ ತಾಳವಾಡಿ ಸೀಮೆ ಮದ್ರಾಸು ರಾಜ್ಯದಲ್ಲೇ ಉಳಿಯಿತು. ನಾವು ಎಲ್ಲಿಗೂ ಹೋಗಲಿಲ್ಲ, ಗೆರೆ ಮಾತ್ರ ನಮ್ಮ ಬೆನ್ನ ಹಿಂದೆ ಬಿತ್ತು.

ಎಂಟು ವರ್ಷದ ಏರು

1958ರ ಆಗಸ್ಟ್ 22ರಂದು ಎಂ.ಜಿ.ಆರ್. ತಾವೇ ನಿರ್ಮಿಸಿ ನಿರ್ದೇಶಿಸಿದ 'ನಾಡೋಡಿ ಮನ್ನನ್' ಬಿಡುಗಡೆಯಾಯಿತು. ಅದರಲ್ಲಿ ಮೊದಲ ನಾಯಕಿ ಭಾನುಮತಿಯವರು. ಸರೋಜಾದೇವಿಯವರು ಬರುವುದು ಚಿತ್ರದ ಉತ್ತರಾರ್ಧದಲ್ಲಿ. ಕಪ್ಪುಬಿಳುಪಾಗಿದ್ದ ಚಿತ್ರ ಬಣ್ಣಕ್ಕೆ ತಿರುಗುವುದೂ ಆ ಭಾಗದಲ್ಲೇ. ಜನ ಆ ಇಪ್ಪತ್ತರ ಹುಡುಗಿಯನ್ನು ಕಂಡದ್ದು ಹೀಗೆ, ಬಣ್ಣದ ಜೊತೆಗೆ. ಅಲ್ಲಿಂದ ಮುಂದೆ ಎಂ.ಜಿ.ಆರ್. ಜೊತೆ ಒಟ್ಟು 26 ಚಿತ್ರಗಳಲ್ಲಿ ಅಭಿನಯಿಸಿದರು.

1959 ಅವರ ವರ್ಷ. ಶ್ರೀಧರ್ ನಿರ್ದೇಶನದ 'ಕಲ್ಯಾಣ ಪರಿಸು' ಚಿತ್ರದಲ್ಲಿ ಅಕ್ಕನಿಗಾಗಿ ತಾನು ಒಲಿದವನನ್ನೇ ಬಿಟ್ಟುಕೊಡುವ ತಂಗಿಯ ಪಾತ್ರ. 'ಭಾಗ ಪಿರಿವಿನೈ'ಯಲ್ಲಿ ಶಿವಾಜಿಯವರ ಜೊತೆ, ಅಂಗವಿಕಲನನ್ನು ಮೆಚ್ಚಿ ಮದುವೆಯಾಗುವ ಹೆಣ್ಣಿನ ಪಾತ್ರ. ಇದೇ ಕಥೆ ಮುಂದೆ 1964ರಲ್ಲಿ ರಾಜಕುಮಾರ್ ಮತ್ತು ಜಯಂತಿಯವರಿದ್ದ 'ಮುರಿಯದ ಮನೆ'ಯಾಗಿ ಕನ್ನಡಕ್ಕೆ ಬಂತು. ಅದೇ 1959ರಲ್ಲಿ ಎಸ್.ಎಸ್. ವಾಸನ್ ಅವರ 'ಪೈಗಾಮ್' ಮೂಲಕ ದಿಲೀಪ್ ಕುಮಾರ್ ಜೊತೆ ಹಿಂದಿಗೂ ಹೋದರು. ತೆಲುಗಿನಲ್ಲಿ ಎನ್.ಟಿ. ರಾಮರಾವ್ ಅವರ ರಾವಣನಿಗೆ ಮಂಡೋದರಿಯಾದರು. ಅದು 1961ರ 'ಸೀತಾರಾಮ ಕಲ್ಯಾಣಂ'.

ನಾಲ್ಕು ಭಾಷೆಯಲ್ಲಿ ನಾಲ್ಕು ಭಾಷೆಯ ದೊಡ್ಡ ನಟರ ಎದುರು ಒಂದೇ ಕಾಲದಲ್ಲಿ ನಾಯಕಿಯಾಗಿ ನಿಲ್ಲುವುದೆಂದರೆ ಏನು ಎಂಬುದನ್ನು ಯೋಚಿಸಬೇಕು. ಬೆಳಗ್ಗೆ ಒಂದು ಸ್ಟುಡಿಯೋದಲ್ಲಿ ಒಂದು ಕಾಲ್‌ಶೀಟ್, ಮಧ್ಯಾಹ್ನ ಇನ್ನೊಂದು ಕಡೆ ಇನ್ನೊಂದು. ಒಂದು ಕಡೆ ತಮಿಳು ಸಂಭಾಷಣೆ, ಇನ್ನೊಂದು ಕಡೆ ತೆಲುಗು. ನಾವು ಕಚೇರಿಯಲ್ಲಿ ಎರಡು ಭಾಷೆಯ ಕಡತ ಒಂದೇ ಮೇಜಿನ ಮೇಲೆ ಬಂದರೆ ತಲೆ ಹಿಡಿದುಕೊಳ್ಳುತ್ತಿದ್ದೆವು.

1961ರಲ್ಲಿ 'ಪಾಲುಂ ಪಳಮುಂ', 1962ರಲ್ಲಿ 'ಆಲಯಮಣಿ', 1964ರಲ್ಲಿ 'ಪುದಿಯ ಪರವೈ', 1965ರಲ್ಲಿ 'ಎಂಗ ವೀಟ್ಟು ಪಿಳ್ಳೈ', 1966ರಲ್ಲಿ 'ಅನ್ಬೇ ವಾ'. ಸತ್ಯಮಂಗಲ, ಗೋಬಿ ಕಡೆಯ ಸದಸ್ಯರಿಗೆ ಈ ಹೆಸರುಗಳನ್ನು ನಾವು ಹೇಳಿಕೊಡಬೇಕಾಗಿಲ್ಲ. 'ಪುದಿಯ ಪರವೈ'ಯಲ್ಲಿ "ಗೋಪಾಲ್" ಎಂದು ಅವರು ಕರೆಯುವ ಧಾಟಿಯನ್ನು ಮಿಮಿಕ್ರಿ ಮಾಡುವವರು ಇಂದಿಗೂ ಬಿಟ್ಟಿಲ್ಲ. ಆದರೆ ಆ ಪಾತ್ರ ಬರಿಯ ಮುದ್ದುಮಾತಿನದಲ್ಲ. ಪ್ರೇಯಸಿಯಾಗಿ ಬಂದವಳು ಕೊಲೆಯ ಸತ್ಯ ಹೊರಗೆಡಹಲು ಬಂದ ಪೊಲೀಸಿನವಳು ಎಂದು ಕಡೆಯಲ್ಲಿ ತಿಳಿಯುತ್ತದೆ. ಹಾಗೆ ತಿಳಿದ ಮೇಲೆ ಇನ್ನೊಮ್ಮೆ ನೋಡಿದರೆ ಮೊದಲಿನ ಮುದ್ದುಮಾತುಗಳೆಲ್ಲ ಬೇರೆಯಾಗಿಯೇ ಕೇಳಿಸುತ್ತವೆ.

'ಪಾಲುಂ ಪಳಮುಂ' ಕಥೆಯೇ 1965ರಲ್ಲಿ 'ಬೆರೆತ ಜೀವ' ಎಂದು ಕನ್ನಡದಲ್ಲಿ ಬಂತು. ತಮಿಳಿನಲ್ಲಿ ಶಿವಾಜಿ, ಕನ್ನಡದಲ್ಲಿ ಕಲ್ಯಾಣ್ ಕುಮಾರ್. ನಾಯಕಿ ಎರಡರಲ್ಲೂ ಸರೋಜಾದೇವಿಯವರೇ. ಅದಕ್ಕೆ ಒಂದು ವರ್ಷ ಹಿಂದೆ ಬಿ.ಎಸ್. ರಂಗಾ ಅವರ 'ಅಮರಶಿಲ್ಪಿ ಜಕಣಾಚಾರಿ' ಬಂದಿತ್ತು. ಪೂರ್ತಿ ಬಣ್ಣದಲ್ಲಿ ಬಂದ ಮೊದಲ ಕನ್ನಡ ಚಿತ್ರ ಅದು. ಅದರ ನಾಯಕಿಯೂ ಇವರೇ, ತೆಲುಗು ರೂಪದ ನಾಯಕಿಯೂ ಇವರೇ. ಅಂದರೆ ತಮಿಳಿನಲ್ಲಿ ಉತ್ತುಂಗದಲ್ಲಿದ್ದಾಗಲೂ ಕನ್ನಡ ಬಿಟ್ಟಿರಲಿಲ್ಲ.

'ಕನ್ನಡತ್ತು ಪೈಂಗಿಳಿ'

ಈಗ ಮುಖ್ಯ ವಿಷಯಕ್ಕೆ ಬರುತ್ತೇವೆ.

ಕನ್ನಡಿಗರು ಅವರನ್ನು 'ಅಭಿನಯ ಸರಸ್ವತಿ' ಎಂದರು. ತಮಿಳರು ಕೊಟ್ಟ ಬಿರುದು 'ಕನ್ನಡತ್ತು ಪೈಂಗಿಳಿ', ಅಂದರೆ ಕನ್ನಡದ ಹಸಿರು ಗಿಳಿ. ಈ ಬಿರುದನ್ನು ಸ್ವಲ್ಪ ನಿಧಾನವಾಗಿ ಓದಿ. ತಮಿಳರು ತಾವು ಅಷ್ಟು ಮೆಚ್ಚಿದ ನಟಿಯನ್ನು ಕರೆಯುವಾಗ ಆಕೆಯ ಭಾಷೆಯನ್ನು ಮುಚ್ಚಿಡಲಿಲ್ಲ. ಬಿರುದಿನ ಮೊದಲ ಪದವೇ 'ಕನ್ನಡ'.

ಗಿಳಿ ಎಂದದ್ದಕ್ಕೆ ಕಾರಣ ಆಕೆಯ ಮಾತು. ತಮಿಳರ ಕಿವಿಗೆ ಅದು ತೊದಲು ಬೆರೆತ, ಕೊಂಚ ಕೊಂಚ ಒಲೆಯುವ, ಮುದ್ದಾದ ತಮಿಳು. ಅದರಲ್ಲಿ ಕನ್ನಡದ ನೆರಳಿತ್ತು. ಕನ್ನಡಿಗರ ತಮಿಳು ಏಕೆ ಕೂಡಲೇ ಗುರುತು ಸಿಗುತ್ತದೆ ಎಂಬುದನ್ನು ನಮ್ಮ ಮಕ್ಕಳಿಗೆ ಯಾರೂ ಹೇಳಿಕೊಡುವುದಿಲ್ಲ. ಆದ್ದರಿಂದ ಇಲ್ಲಿ ಬರೆಯುತ್ತೇವೆ.

ಒಂದು, ತಮಿಳಿನಲ್ಲಿ ನಾಲಿಗೆಯನ್ನು ಹಿಂದಕ್ಕೆ ಮಡಿಸಿ, ಅಂಗುಳಕ್ಕೆ ತಾಗಿಸದೆ ನುಡಿಯುವ ಒಂದು ಅಕ್ಷರ ಇದೆ. ಅವರು 'ತಮಿೞ್' ಎನ್ನುವಾಗ ಕಡೆಗೆ ಬರುವುದು ಅದೇ. ಹಳಗನ್ನಡದಲ್ಲಿ ನಮಗೂ ಆ ಅಕ್ಷರ ಇತ್ತು, 'ೞ' ಎಂದು ಬರೆಯುತ್ತಿದ್ದರು. ಶತಮಾನಗಳ ಹಿಂದೆಯೇ ಅದು ನಮ್ಮ ಬಾಯಿಂದ ಜಾರಿಹೋಯಿತು, ಹಲವು ಕಡೆ 'ಳ'ದಲ್ಲಿ ಬೆರೆತುಹೋಯಿತು. ಹಾಗಾಗಿ ನಾವು 'ಪೞಂ' ಎನ್ನಬೇಕಾದಲ್ಲಿ 'ಪಳಂ' ಎನ್ನುತ್ತೇವೆ.

ಎರಡು, ಕನ್ನಡದ ಪದಗಳು ಸ್ವರದಲ್ಲಿ ನಿಲ್ಲಲು ಇಷ್ಟಪಡುತ್ತವೆ. ಅವರದು 'ಪಾಲ್', ನಮ್ಮದು 'ಹಾಲು'. ಅವರದು 'ಕಾಲ್', ನಮ್ಮದು 'ಕಾಲು'. ತಮಿಳು ಆಡುವಾಗಲೂ ನಮ್ಮ ನಾಲಿಗೆ ಆ ಕಡೆಯ 'ಉ'ಕಾರವನ್ನು ಸುಲಭಕ್ಕೆ ಬಿಡುವುದಿಲ್ಲ.

ಮೂರು, ತಮಿಳು ಲಿಪಿಯಲ್ಲಿ ಕ, ಗ ಎರಡಕ್ಕೂ ಒಂದೇ ಅಕ್ಷರ. ಎಲ್ಲಿ ಹೇಗೆ ನುಡಿಯಬೇಕೆಂಬುದು ಜಾಗ ನೋಡಿ ಬರುವ ರೂಢಿ. ನಮಗೆ ಎರಡೂ ಬೇರೆ ಬೇರೆ ಅಕ್ಷರ. ಹೀಗಾಗಿ ಬರಹ ನೋಡಿ ತಮಿಳು ಓದುವ ಕನ್ನಡ ಮಗು ತಡವರಿಸುತ್ತದೆ. ಇದು ದಡ್ಡತನವಲ್ಲ, ಎರಡು ಲಿಪಿಗಳ ಲೆಕ್ಕಾಚಾರ ಬೇರೆ, ಅಷ್ಟೆ.

ನಾವು ನೌಕರಿಗೆ ಸೇರಿದ ಹೊಸತರಲ್ಲಿ ಒಂದು ಕಚೇರಿಯಲ್ಲಿ ಮೇಲಧಿಕಾರಿಯೊಬ್ಬರು ಎಲ್ಲರ ಮುಂದೆ ನಮ್ಮ ಬಾಯಲ್ಲಿ 'ವಾಳೈಪಳಂ' ಎಂದು ಮತ್ತೆ ಮತ್ತೆ ಹೇಳಿಸಿ ನಗುತ್ತಿದ್ದರು. ಬಾಳೆಹಣ್ಣಿನ ಹೆಸರಿನಲ್ಲಿ ಆ ಅಕ್ಷರ ಎರಡು ಸಲ ಬರುತ್ತದೆ, ಆದ್ದರಿಂದ ಪರೀಕ್ಷೆಗೆ ಅನುಕೂಲ. ಆರು ತಿಂಗಳು ನಾವು ಆ ಕಚೇರಿಯಲ್ಲಿ ಬಾಯಿ ಬಿಡುವುದನ್ನೇ ಕಡಿಮೆ ಮಾಡಿದೆವು. ಮೊನ್ನೆ ಸಭೆಯಲ್ಲಿ ಪ್ರಶ್ನೆ ಕೇಳಿದ ಹುಡುಗಿ ಸಭೆ ಮುಗಿದ ಮೇಲೆ ಹೇಳಿದ ಮಾತು ಕೇಳಿ ಅದೆಲ್ಲ ನೆನಪಾಯಿತು. "ಕಾಲೇಜಲ್ಲಿ ನಾನು ಮಾತಾಡಿದ್ರೆ ಸಾಕು, 'ಕನ್ನಡಮಾ?' ಅಂತ ನಗ್ತಾರೆ ತಾತ. ಅದಕ್ಕೆ ಸೆಮಿನಾರ್ ಕೊಡೋದಿಕ್ಕೇ ಹೋಗಲ್ಲ." ನಲವತ್ತು ವರ್ಷ ಕಳೆದರೂ ಬಾಳೆಹಣ್ಣಿನ ಪರೀಕ್ಷೆ ಮುಗಿದಿಲ್ಲ.

ಅವಳಿಗೆ ಹೇಳಿದ್ದನ್ನೇ ಇಲ್ಲಿಯೂ ಬರೆಯುತ್ತಿದ್ದೇವೆ. ಯಾವ ನೆರಳಿನಿಂದಾಗಿ ನೀನು ಬಾಯಿ ಮುಚ್ಚಿಕೊಂಡೆಯೋ ಅದೇ ನೆರಳು ಇದ್ದ ಒಬ್ಬ ಹೆಣ್ಣುಮಗಳ ಮಾತನ್ನು ಇಡೀ ತಮಿಳುನಾಡು ದುಡ್ಡು ಕೊಟ್ಟು ಟಿಕೆಟ್ ತೆಗೆದು ಕೇಳಿತು. ಆಕೆ ತಮಿಳನ್ನು ಶ್ರದ್ಧೆಯಿಂದ ಕಲಿತರು, ನಿಜ. ಕಲಿಯದೆ ಅಷ್ಟು ಚಿತ್ರಗಳು ಆಗುವುದಿಲ್ಲ. ನೀನೂ ಚೆನ್ನಾಗಿ ಕಲಿ. ಆದರೆ ಕಲಿತ ಮೇಲೂ ಉಳಿಯುವ ಆ ಒಂದಿಷ್ಟು ಕನ್ನಡಕ್ಕೆ ನಾಚಬೇಡ.

ಎಲ್ಲರಿಗೂ ಸರೋಜಾದೇವಿಯವರ ಅದೃಷ್ಟ ಬರುವುದಿಲ್ಲವೆಂದು ನಮಗೆ ಗೊತ್ತು. ತೆರೆಯ ಮೇಲೆ ಮುದ್ದಾಗಿ ಕೇಳಿಸಿದ್ದು ಕಚೇರಿಯ ಕೌಂಟರಿನಲ್ಲಿ ತಪ್ಪಾಗಿ ಕೇಳಿಸುತ್ತದೆ. ಆದರೆ ಉಚ್ಚಾರಣೆ ತಾನಾಗಿಯೇ ಅವಮಾನವಲ್ಲ, ಕೇಳುವವರ ಮನಸ್ಸಿನ ಮೇಲೆ ಹೋಗುತ್ತದೆ ಎಂಬುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ನಮಗೆ ಬೇರೆ ಸಿಕ್ಕಿಲ್ಲ.

ಗಾಜನೂರಿನ ನಂಟು

ಇನ್ನು ನಮ್ಮ ಬೆಟ್ಟದ ಸಂಬಂಧ. ಡಾ. ರಾಜಕುಮಾರ್ ಅವರು 1929ರ ಏಪ್ರಿಲ್ 24ರಂದು ಹುಟ್ಟಿದ ಗಾಜನೂರು ನಮ್ಮ ತಾಳವಾಡಿಯ ಪಕ್ಕದಲ್ಲೇ ಇದೆ. ಕನ್ನಡದ ವರನಟ ಹುಟ್ಟಿದ ಊರು ಇಂದು ತಮಿಳುನಾಡಿನ ಈರೋಡ್ ಜಿಲ್ಲೆಯಲ್ಲಿದೆ. ಅವರು 1954ರ 'ಕಾಳಹಸ್ತಿ ಮಹಾತ್ಮ್ಯಂ' ಎಂಬ ಒಂದೇ ಒಂದು ತೆಲುಗು ಚಿತ್ರ ಬಿಟ್ಟರೆ ಜೀವನವಿಡೀ ಕನ್ನಡ ಚಿತ್ರಗಳಲ್ಲಿ ಮಾತ್ರ ನಟಿಸಿದರು. ಬೆಂಗಳೂರಿನಲ್ಲಿ ಹುಟ್ಟಿದ ಸರೋಜಾದೇವಿಯವರು ತಮಿಳಿನ ದೊಡ್ಡ ತಾರೆಯಾದರು.

ಈ ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ಹುಟ್ಟಿದ ನೆಲ ಯಾವ ರಾಜ್ಯದಲ್ಲಿದೆ ಎಂಬುದರಿಂದ ಯಾರು ಯಾವ ಭಾಷೆಗೆ ಸೇರಿದವರೆಂದು ತೀರ್ಮಾನಿಸಲು ಹೋದರೆ ಲೆಕ್ಕ ತಲೆಕೆಳಗಾಗುತ್ತದೆ. ರಾಜಕುಮಾರರನ್ನು "ತಮಿಳುನಾಡಿನವರು" ಎಂದು ಯಾರಾದರೂ ಅಂದರೆ ನಮ್ಮ ಹಿರಿಯ ಸದಸ್ಯರು ಸುಮ್ಮನೆ ಇರುತ್ತಾರೆಯೇ? ಹಾಗಿದ್ದರೆ ಸರೋಜಾದೇವಿಯವರನ್ನು "ಅವರವರು" ಎನ್ನುವುದೂ ಸಲ್ಲದು.

ಇವರಿಬ್ಬರೂ 1958ರಲ್ಲಿ, ಅಂದರೆ 'ನಾಡೋಡಿ ಮನ್ನನ್' ಬಂದ ವರ್ಷವೇ, 'ಅಣ್ಣ ತಂಗಿ'ಯಲ್ಲಿ ಒಟ್ಟಿಗೆ ಇದ್ದರು. 1961ರಲ್ಲಿ ಪಂತುಲು ಅವರ 'ಕಿತ್ತೂರು ಚೆನ್ನಮ್ಮ' ಬಂತು. ಸರೋಜಾದೇವಿಯವರು ಚೆನ್ನಮ್ಮ, ರಾಜಕುಮಾರರು ಮಲ್ಲಸರ್ಜ. 1824ರಲ್ಲಿ ಕಂಪನಿ ಸರ್ಕಾರದ ಎದುರು ಕತ್ತಿ ಹಿಡಿದ ರಾಣಿಯ ಪಾತ್ರ. ಚಿತ್ರದ ಹೆಸರೇ ಆಕೆಯದು, ನಾಯಕನಿಗಿಂತ ನಾಯಕಿಯೇ ಮುಖ್ಯ. ತಮಿಳಿನಲ್ಲಿ ಮುದ್ದಿನ ಗಿಳಿಯಾಗಿದ್ದವರು ಕನ್ನಡದಲ್ಲಿ ಸಿಂಹಿಣಿಯಾದರು. ಆ ಚಿತ್ರಕ್ಕೂ ರಾಷ್ಟ್ರಪ್ರಶಸ್ತಿ ಬಂತು. ಇಂದಿಗೂ ಎಷ್ಟೋ ಶಾಲಾ ಮಕ್ಕಳ ಮನಸ್ಸಿನಲ್ಲಿ ಚೆನ್ನಮ್ಮನ ಮುಖವೆಂದರೆ ಅದು ಸರೋಜಾದೇವಿಯವರ ಮುಖ.

1967ರ ಮಾರ್ಚ್ 1ರಂದು ಶ್ರೀಹರ್ಷ ಎಂಬ ಇಂಜಿನಿಯರನ್ನು ಮದುವೆಯಾದರು. ಮದುವೆಯಾದ ನಾಯಕಿಗೆ ಅವಕಾಶ ಮುಗಿಯಿತು ಎಂದು ಭಾವಿಸುತ್ತಿದ್ದ ಉದ್ಯಮ ಅದು. ಆದರೆ ಕನ್ನಡದಲ್ಲಿ ಅವರ ತೂಕದ ಪಾತ್ರಗಳು ಬಂದದ್ದು ಅದರ ನಂತರವೇ. 1969ರಲ್ಲಿ ಪುಟ್ಟಣ್ಣ ಕಣಗಾಲ್ ಅವರ 'ಮಲ್ಲಮ್ಮನ ಪವಾಡ', ಬಿ. ಪುಟ್ಟಸ್ವಾಮಯ್ಯನವರ 'ಅರ್ಧಾಂಗಿ' ಕಾದಂಬರಿಯ ಆಧಾರ. ಮಲತಾಯಿಯ ಹಿಡಿತದಲ್ಲಿ ಅಕ್ಷರವಿಲ್ಲದೆ ಬೆಳೆದ ಗಂಡ, ಓದಿದ ಹೆಂಡತಿ. ಗಂಡನಿಗೆ ತಾಯಿಯ ಮಾತೇ ವೇದವಾಕ್ಯ. ಹೆಂಡತಿ ಜಗಳವಾಡಿ ಮನೆ ಒಡೆಯುವುದಿಲ್ಲ, ಹಾಗೆಂದು ತಲೆಬಾಗಿಯೂ ಕೂರುವುದಿಲ್ಲ. ಈ ಕಥೆ ಮುಂದೆ ಬೇರೆ ಭಾಷೆಗಳಿಗೂ ಹೋಗಿ, 1992ರಲ್ಲಿ 'ಬೇಟಾ' ಎಂಬ ಹಿಂದಿ ಚಿತ್ರವಾಯಿತು.

ನಂತರ 1971ರ 'ನ್ಯಾಯವೇ ದೇವರು', 1974ರ 'ಶ್ರೀ ಶ್ರೀನಿವಾಸ ಕಲ್ಯಾಣ', 1976ರಲ್ಲಿ ಪುಟ್ಟಣ್ಣನವರ 'ಕಥಾಸಂಗಮ'ದ ಒಂದು ಕಥೆ, 1977ರಲ್ಲಿ 'ಭಾಗ್ಯವಂತರು' ಮತ್ತು 'ಬಬ್ರುವಾಹನ'. 'ಬಬ್ರುವಾಹನ' ಬಂದಾಗ ನಾವು ಹದಿಹರೆಯದ ಹುಡುಗರು. ಪುಣಜನೂರು ದಾಟಿ ಚಾಮರಾಜನಗರಕ್ಕೆ ಬಸ್ಸಿನಲ್ಲಿ ಹೋಗಿ ನೋಡಿಕೊಂಡು ಬಂದೆವು. ಅದರಲ್ಲಿ ರಾಜಕುಮಾರರದು ಅರ್ಜುನ, ಬಬ್ರುವಾಹನ ಎರಡು ಪಾತ್ರ. ಚಿತ್ರಾಂಗದೆಯಾಗಿ ಸರೋಜಾದೇವಿಯವರು ಒಬ್ಬನಿಗೆ ಹೆಂಡತಿ, ಇನ್ನೊಬ್ಬನಿಗೆ ತಾಯಿ. ಗಂಡನ ಎದುರು ನಿಂತಾಗಿನ ನೋಟ ಬೇರೆ, ಮಗನ ಎದುರಿನ ನೋಟ ಬೇರೆ. ಎದುರಿಗಿರುವ ಮುಖ ಮಾತ್ರ ಒಂದೇ. ನಮ್ಮ ತಾಯಿಯವರು ಅದನ್ನು ನೋಡಿ ಬಂದು, "ಅಭಿನಯ ಅಂದ್ರೆ ಇದು ಕಣಪ್ಪ" ಎಂದಿದ್ದರು. ನಮ್ಮ ತಂದೆಯವರು ಎಂ.ಜಿ.ಆರ್. ಅಭಿಮಾನಿ. ತಾಯಿಯವರು ರಾಜಕುಮಾರರ ಕಡೆ. ಮನೆಯಲ್ಲಿ ಇಬ್ಬರಿಗೂ ಒಪ್ಪಿಗೆಯಾಗಿದ್ದ ಒಂದೇ ಮುಖ ಸರೋಜಾದೇವಿಯವರದು. ಗಡಿಯ ಎಷ್ಟೋ ಮನೆಗಳಲ್ಲಿ ಹೀಗೆಯೇ ಇದ್ದಿರಬೇಕು.

ಆ ನಂಟು ಮುಂದಿನ ತಲೆಮಾರಿಗೂ ಹೋಯಿತು. 1984ರ 'ಯಾರಿವನು' ಚಿತ್ರದಲ್ಲಿ ಬಾಲಕ ಪುನೀತ್ ಜೊತೆ ನಟಿಸಿದ್ದರು. ಅದೇ ಪುನೀತ್ ನಾಯಕರಾಗಿದ್ದ 2019ರ 'ನಟಸಾರ್ವಭೌಮ'ದಲ್ಲಿ ಮತ್ತೆ ಕಾಣಿಸಿಕೊಂಡರು. 1955ರಿಂದ 2019, ಅಂದರೆ 64 ವರ್ಷ. ಚಿತ್ರಗಳು ಸುಮಾರು 200.

ಕಷ್ಟದ ದಿನಗಳು

1986ರಲ್ಲಿ ಪತಿ ತೀರಿಕೊಂಡರು. ಕೆಲವು ಕಾಲ ಬಣ್ಣ ಹಚ್ಚಲಿಲ್ಲ, ಆಮೇಲೆ ಮತ್ತೆ ಕೆಲಸಕ್ಕೆ ಬಂದರು. 1969ರಲ್ಲಿ ಪದ್ಮಶ್ರೀ, 1992ರಲ್ಲಿ ಪದ್ಮಭೂಷಣ ಸಂದಿತು. 45ನೆಯ ಮತ್ತು 53ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳ ತೀರ್ಪುಗಾರರ ಮಂಡಳಿಗೆ ಅಧ್ಯಕ್ಷರಾಗಿದ್ದರು. 2009ರಲ್ಲಿ ಸೂರ್ಯ ನಾಯಕರಾಗಿದ್ದ 'ಆದವನ್' ಮೂಲಕ ಹೊಸ ತಲೆಮಾರಿನ ತಮಿಳರಿಗೂ ಪರಿಚಯವಾದರು.

ಈ ನಡುವೆ ನಮ್ಮ ಗಡಿಯಲ್ಲಿ ಏನೇನಾಯಿತು ಎಂಬುದು ನಿಮಗೆಲ್ಲ ಗೊತ್ತು. 1991ರ ಕಾವೇರಿ ಗಲಭೆ. 2000ದ ಜುಲೈ 30ರ ರಾತ್ರಿ ಗಾಜನೂರಿನ ಮನೆಯಿಂದ ವೀರಪ್ಪನ್ ರಾಜಕುಮಾರರನ್ನು ಕರೆದೊಯ್ದದ್ದು, 108 ದಿನ ನಾವೆಲ್ಲ ಉಸಿರು ಬಿಗಿಹಿಡಿದು ಕೂತದ್ದು, ನವೆಂಬರ್ 15ರಂದು ಬಿಡುಗಡೆಯಾದದ್ದು. ಇಂಥ ಹೊತ್ತಿನಲ್ಲೆಲ್ಲ ಮೊದಲು ನಿಲ್ಲುವುದು ಬಸ್ಸು. ಆಮೇಲೆ ಆ ಕಡೆ ಹೋದರೆ ಗಾಡಿಯ ತಮಿಳುನಾಡು ನಂಬರು ನೋಡಿ ಗುರಾಯಿಸುತ್ತಾರೆ, ಈ ಕಡೆ ಬಂದರೆ ನಮ್ಮ ಮಾತು ಕೇಳಿ ಗುರಾಯಿಸುತ್ತಾರೆ. ಅಂಥ ದಿನಗಳಲ್ಲೂ ರಾತ್ರಿ ಟಿ.ವಿ. ಹಾಕಿದರೆ ಒಂದು ಚಾನೆಲ್ಲಿನಲ್ಲಿ ತಮಿಳು ಸರೋಜಾದೇವಿ, ಇನ್ನೊಂದರಲ್ಲಿ ಕನ್ನಡ ಸರೋಜಾದೇವಿ ಬರುತ್ತಿದ್ದರು. ಜಗಳ ಬಿಡಿಸುವ ಶಕ್ತಿ ಸಿನಿಮಾಕ್ಕಿಲ್ಲ. ಆದರೆ ಹಳೆಯ ನೆರೆಹೊರೆಯನ್ನು ಮರೆಯದಂತೆ ನೋಡಿಕೊಳ್ಳುತ್ತದೆ.

2025ರ ಜುಲೈ 14ರಂದು ಬೆಂಗಳೂರಿನ ಮಲ್ಲೇಶ್ವರದ ಮನೆಯಲ್ಲಿ, 87ನೆಯ ವಯಸ್ಸಿನಲ್ಲಿ, ಅವರು ಕೊನೆಯುಸಿರೆಳೆದರು. ಕಣ್ಣುಗಳನ್ನು ದಾನ ಮಾಡಲಾಯಿತು. ಮರುದಿನ ದಶವಾರದಲ್ಲಿ ಸರ್ಕಾರಿ ಗೌರವದೊಡನೆ ಅಂತ್ಯಕ್ರಿಯೆ ನಡೆಯಿತು. ಅದೇ ಸೆಪ್ಟೆಂಬರಿನಲ್ಲಿ ಕರ್ನಾಟಕ ಸರ್ಕಾರ ಅವರಿಗೂ ವಿಷ್ಣುವರ್ಧನ್ ಅವರಿಗೂ ಮರಣೋತ್ತರವಾಗಿ 'ಕರ್ನಾಟಕ ರತ್ನ' ಪ್ರಕಟಿಸಿತು. ರಾಜಕುಮಾರ್ ಮತ್ತು ಪುನೀತ್ ಇಬ್ಬರಿಗೂ ಅದಕ್ಕೆ ಮೊದಲೇ ಆ ಗೌರವ ಸಂದಿತ್ತು. ಗಾಜನೂರಿನ ಆ ತಂದೆ-ಮಗ ಇಬ್ಬರ ಜೊತೆಯೂ ನಟಿಸಿದ ದಶವಾರದ ಮನೆಮಗಳಿಗೂ ಈಗ ಅದೇ ಸಾಲಿನಲ್ಲಿ ಜಾಗ.

ಕಡೆಯ ಮಾತು

ನಮ್ಮವರೋ, ಅವರವರೋ ಎಂಬ ಪ್ರಶ್ನೆಗೆ ನಮ್ಮ ಉತ್ತರ ಇಷ್ಟು. ಅವರು ಕನ್ನಡದವರು, ತಮಿಳರಿಗೂ ಬೇಕಾದವರು. ಒಂದು ನಿಜವಾದರೆ ಇನ್ನೊಂದು ಸುಳ್ಳಾಗಬೇಕಿಲ್ಲ. ತಾಳವಾಡಿಯ ನಾವು ದಿನವೂ ಬದುಕುತ್ತಿರುವುದು ಹೀಗೆಯೇ. ಮನೆಯಲ್ಲಿ ಕನ್ನಡ, ರೇಷನ್ ಅಂಗಡಿಯಲ್ಲಿ ತಮಿಳು, ದೀಪಾವಳಿ ಮಾರನೆಯ ದಿನ ಗುಮಟಾಪುರದ ಗೊರೆಹಬ್ಬದಲ್ಲಿ ಸಗಣಿ ಎರಚುವಾಗ ಎರಡೂ.

ನಮ್ಮ ಆತಂಕ ಬೇರೆ ಇದೆ. ಕನ್ನಡ ಕಲಿಯುವ ಮಕ್ಕಳು ನಮ್ಮ ಕಡೆ ಕಡಿಮೆಯಾಗುತ್ತಿದ್ದಾರೆ. ಮುಂದೆ ಇಂಗ್ಲಿಷ್, ತಮಿಳು ಬೇಕು, ಕನ್ನಡ ಯಾಕೆ ಎಂದು ತಂದೆತಾಯಿಯರೇ ಕೇಳುತ್ತಾರೆ. ಸರೋಜಾದೇವಿಯವರು ನಾಲ್ಕು ಭಾಷೆಯಲ್ಲಿ ಅನ್ನ ಸಂಪಾದಿಸಿದರು, ಅದಕ್ಕಾಗಿ ಮೊದಲನೆಯದನ್ನು ಕಳೆದುಕೊಳ್ಳಲಿಲ್ಲ. ಕಳೆದುಕೊಂಡಿದ್ದರೆ ನಮಗೆ ಚೆನ್ನಮ್ಮನೂ ಮಲ್ಲಮ್ಮನೂ ಸಿಗುತ್ತಿರಲಿಲ್ಲ. ಈ ಮಾತನ್ನು ದಯವಿಟ್ಟು ಮನೆಯಲ್ಲಿ ಮಕ್ಕಳ ಮುಂದೆ ಆಡಿ.

ಕಾರ್ಯಕ್ರಮ: ಬರುವ ತಿಂಗಳ ಎರಡನೆಯ ಭಾನುವಾರ ಮಧ್ಯಾಹ್ನ 2 ಗಂಟೆಗೆ ಸಂಘದ ಕಚೇರಿಯ ಮಹಡಿಯಲ್ಲಿ 'ಮಲ್ಲಮ್ಮನ ಪವಾಡ' ಪ್ರದರ್ಶನ. ಪ್ರವೇಶ ಉಚಿತ, ಕಾಫಿ ವ್ಯವಸ್ಥೆ ಇದೆ. ಚಿತ್ರಕ್ಕೆ ಮೊದಲು ಸರೋಜಾದೇವಿಯವರ ಕುರಿತು ಹತ್ತು ನಿಮಿಷ ಮಾತು. ಆ ಮಾತನ್ನು ಆಡಲು ಸೆಮಿನಾರ್ ಕೊಡದ ನಮ್ಮ ಕಾಲೇಜು ಹುಡುಗಿಯೇ ಒಪ್ಪಿದ್ದಾಳೆ. ಐದು ನಿಮಿಷ ಕನ್ನಡದಲ್ಲಿ, ಐದು ನಿಮಿಷ ತಮಿಳಿನಲ್ಲಿ. ಆಕ್ಷೇಪಣೆ ಎತ್ತಿದ ಹಿರಿಯ ಸದಸ್ಯರು ಅಧ್ಯಕ್ಷತೆ ವಹಿಸಲು ಒಪ್ಪಿರುವುದೂ ಸಂತೋಷದ ಸಂಗತಿ. ದಿಂಬಂ ಘಾಟಿಯಲ್ಲಿ ರಾತ್ರಿ ವಾಹನ ನಿರ್ಬಂಧ ಇರುವುದರಿಂದ ಸತ್ಯಮಂಗಲದ ಕಡೆಯವರು ಸಂಜೆಯೇ ಇಳಿಯುವಂತೆ ವೇಳೆ ಹೊಂದಿಸಿಕೊಳ್ಳಬೇಕಾಗಿ ವಿನಂತಿ.

ಮಕ್ಕಳನ್ನು ತಪ್ಪದೆ ಕರೆತನ್ನಿ.

ಇಂತಿ ತಮ್ಮ ವಿಶ್ವಾಸಿ,
ಕಾರ್ಯದರ್ಶಿ